ರಜೆಯಲ್ಲೊಂದು ರೊಟ್ಟಿ ಪಾಠ

ಬೇಸಿಗೆ ರಜೆ ಬಂತೆಂದರೆ ಪೇಟೆಯ ಮಕ್ಕಳಿಗೆ ಬಿಡುವೇ ಇರುವುದಿಲ್ಲ. ಈಜು, ಚೆಸ್ಸು, ಕೀಬೋರ್ಡು, ವೇದಗಣಿತ, ಕಂಪ್ಯೂಟರು, ಹೀಗೆ ಒಂದೊಂದಕ್ಕೂ ಒಂದೊಂದು ಶಿಬಿರ, ಒಂದೊಂದಕ್ಕೂ ಒಂದೊಂದು ಫೀಜು. ಈ ಗದ್ದಲದ ನಡುವೆ ಬೆಂಗಳೂರಿನ ಒಬ್ಬ ತಾಯಿ ಎಂಟನೇ ತರಗತಿ ಮುಗಿಸಿದ ತನ್ನ ಮಗನನ್ನು ಏಪ್ರಿಲ್ ನಡುವಿನಲ್ಲಿ ಜಗಳೂರಿನ ಬಸ್ಸು ಹತ್ತಿಸಿದರು. ಅವನ ಶಿಬಿರ ಇದ್ದದ್ದು ಆ ತಾಲ್ಲೂಕಿನ ಒಂದು ಹಳ್ಳಿಯಲ್ಲಿ, ಅಜ್ಜಿಯ ಒಲೆಯ ಮುಂದೆ. ಕಲಿಯಬೇಕಾಗಿದ್ದ ವಿದ್ಯೆ ಜೋಳದ ರೊಟ್ಟಿ.

ಹವ್ಯಾಸಕ್ಕಾಗಿ ಹೊರಟ ಪ್ರಯಾಣವಲ್ಲ ಇದು. ಹುಡುಗ ಎರಡು ವರ್ಷದಿಂದ ಸರಿಯಾಗಿ ಬೆಳೆದಿರಲಿಲ್ಲ. ಊಟವಾದ ಮೇಲೆ ಹೊಟ್ಟೆಯುಬ್ಬರ, ಆಗಾಗ ಭೇದಿ, ಎರಡು ಮಹಡಿ ಹತ್ತಿದರೆ ಸುಸ್ತು. ಕಬ್ಬಿಣದ ಟಾನಿಕ್ಕು ಬಾಟಲಿಗಟ್ಟಲೆ ಕುಡಿಸಿದರೂ ರಕ್ತದ ಹಿಮೋಗ್ಲೋಬಿನ್ ಮೇಲೇರಲಿಲ್ಲ. ಜಂತುಹುಳುವಿನ ಮಾತ್ರೆ, ಹರಕೆ, ದೃಷ್ಟಿ ತೆಗೆಯುವುದು ಎಲ್ಲವೂ ಆಯಿತು. ಕೊನೆಗೆ ಒಬ್ಬ ವೈದ್ಯರು ವಿಶೇಷ ರಕ್ತಪರೀಕ್ಷೆ ಮಾಡಿಸಿ, ಸಣ್ಣಕರುಳಿನ ಒಳಪದರದ ಚೂರನ್ನು ಸೂಕ್ಷ್ಮದರ್ಶಕದಲ್ಲಿ ನೋಡಿಸಿ, ಕಾಯಿಲೆಯ ಹೆಸರು ಹೇಳಿದರು: ಸೀಲಿಯಾಕ್. ಔಷಧಿ ಏನು ಎಂದು ತಂದೆ ಕೇಳಿದರು. ಔಷಧಿ ಇಲ್ಲ, ಗೋಧಿ ಬಿಡಬೇಕು. ಇಂದಿನಿಂದ, ಜೀವನಪೂರ್ತಿ ಎಂದರು ವೈದ್ಯರು.

ಗೋಧಿಯಲ್ಲಿ ಗ್ಲುಟೆನ್ ಎಂಬ ಪ್ರೋಟೀನಿದೆ. ಬಾರ್ಲಿಯಲ್ಲೂ ರೈ ಎಂಬ ಧಾನ್ಯದಲ್ಲೂ ಅದರ ನೆಂಟರಿದ್ದಾರೆ. ನಮ್ಮ ನಿಮ್ಮ ಹೊಟ್ಟೆಗೆ ಅದು ಬರಿಯ ಆಹಾರ. ಸೀಲಿಯಾಕ್ ಇದ್ದವರ ದೇಹ ಮಾತ್ರ ಅದನ್ನು ಶತ್ರುವೆಂದು ಬಗೆದು ಯುದ್ಧಕ್ಕೆ ನಿಲ್ಲುತ್ತದೆ. ಯುದ್ಧಭೂಮಿ ಸಣ್ಣಕರುಳು. ಅದರ ಒಳಗೋಡೆಯ ಮೇಲೆ ಮಖಮಲ್ಲಿನ ಎಳೆಗಳಂತೆ ಕೋಟಿಗಟ್ಟಲೆ ಪುಟ್ಟ ಚಾಚುಗಳಿವೆ. ಉಂಡ ಅನ್ನದ ಸಾರವನ್ನು ಹೀರಿ ರಕ್ತಕ್ಕೆ ಕಳಿಸುವುದು ಅವುಗಳ ಕೆಲಸ. ಯುದ್ಧದಲ್ಲಿ ಅವು ಸವೆದು ಚಪ್ಪಟೆಯಾಗುತ್ತವೆ. ಆಮೇಲೆ ಕಬ್ಬಿಣದ ಟಾನಿಕ್ಕು ಕುಡಿಸಿದರೇನು, ಬಾದಾಮಿ ತಿನ್ನಿಸಿದರೇನು, ಹೀರಿಕೊಳ್ಳುವವರೇ ಇಲ್ಲ. ಗೋಧಿ ನಿಂತರೆ ಚಾಚುಗಳು ಮತ್ತೆ ಚಿಗುರುತ್ತವೆ, ಮಗು ಬೆಳೆಯತೊಡಗುತ್ತದೆ.

ಗೋಧಿ ಹೆಚ್ಚು ಉಣ್ಣುವ ಉತ್ತರ ಭಾರತದಲ್ಲಿ ಈ ಕಾಯಿಲೆ ಹೆಚ್ಚು ಕಾಣುತ್ತದೆ, ನಮ್ಮ ಕಡೆ ಕಡಿಮೆ. ಇಲ್ಲಿ ತಂದೆತಾಯಿಗಳಿಗೆ ಒಂದು ಮಾತು ಹೇಳಲೇಬೇಕು. ಹೊಟ್ಟೆನೋವೆಂದ ಮಗುವಿಗೆಲ್ಲ ಗೋಧಿ ನಿಲ್ಲಿಸುವುದು ಜಾಣತನವಲ್ಲ. ಪರೀಕ್ಷೆಗೆ ಮುಂಚೆಯೇ ಗೋಧಿ ಬಿಡಿಸಿದರೆ ಕಾಯಿಲೆ ಇದ್ದರೂ ಪರೀಕ್ಷೆಯಲ್ಲಿ ಸಿಗದೆ ಹೋಗಬಹುದು. ಮೊದಲು ವೈದ್ಯರು, ಆಮೇಲೆ ಪಥ್ಯ.

ಗೋಧಿಯೇ ಕಾರಣವೆಂದು ತಿಳಿದದ್ದು ಒಂದು ಬರಗಾಲದ ಸಹಾಯದಿಂದ. ನೆದರ್ಲೆಂಡ್ಸಿನ ಮಕ್ಕಳ ವೈದ್ಯ ವಿಲೆಮ್ ಕಾರೆಲ್ ಡಿಕೆ ಅವರಿಗೆ 1930ರ ದಶಕದಲ್ಲಿಯೇ ಬ್ರೆಡ್ಡಿನ ಮೇಲೆ ಅನುಮಾನವಿತ್ತು. 1944-45ರ ಚಳಿಗಾಲದಲ್ಲಿ ಜರ್ಮನ್ ಸೇನೆಯ ಹಿಡಿತದಲ್ಲಿದ್ದ ಆ ದೇಶದ ಪಶ್ಚಿಮ ಭಾಗಕ್ಕೆ ಆಹಾರ ಬರುವುದೇ ನಿಂತಿತು. ಜನ ಟ್ಯುಲಿಪ್ ಹೂವಿನ ಗೆಡ್ಡೆ ಬೇಯಿಸಿ ತಿಂದರು. ಊರಿಗೆ ಊರೇ ಸೊರಗುತ್ತಿದ್ದಾಗ ಈ ಕಾಯಿಲೆಯ ಮಕ್ಕಳು ಮಾತ್ರ ಚೇತರಿಸಿಕೊಂಡರು. ಯುದ್ಧ ಮುಗಿದು ಬ್ರೆಡ್ಡು ಬಂದದ್ದೇ ತಡ, ಮತ್ತೆ ಹಾಸಿಗೆ ಹಿಡಿದರು. ಡಿಕೆ ತಮ್ಮ ಅಧ್ಯಯನವನ್ನು 1950ರಲ್ಲಿ ಪ್ರಬಂಧವಾಗಿ ಮಂಡಿಸಿದರು. ಹೊಟ್ಟೆ ತುಂಬಿದ ಕಾಲದಲ್ಲಿ ಕಾಣದ ಸತ್ಯ ಹಸಿವಿನ ಕಾಲದಲ್ಲಿ ಕಂಡಿತು.

ಬೆಂಗಳೂರಿನ ಮನೆಯಲ್ಲಿ ತಾಯಿ ಪಟ್ಟಿ ಮಾಡಿದರು. ಚಪಾತಿ, ಪೂರಿ, ಬ್ರೆಡ್ಡು, ಬಿಸ್ಕತ್ತು, ಬನ್ನು, ಪಫ್ಸು, ನೂಡಲ್ಸು, ಶ್ಯಾವಿಗೆ, ಉಪ್ಪಿಟ್ಟಿನ ರವೆ, ಗುಲಾಬ್ ಜಾಮೂನು. ಮಗನ ಟಿಫನ್ ಡಬ್ಬಿಯೇ ಖಾಲಿಯಾದಂತಾಯಿತು. ಗ್ಲುಟೆನ್ ಇಲ್ಲವೆಂದು ಅಚ್ಚುಹಾಕಿದ ಪೊಟ್ಟಣಗಳ ಬೆಲೆ ನೋಡಿದರೆ ತಿಂಗಳ ಸಂಬಳ ಸಾಲದು. ಅನ್ನ, ಇಡ್ಲಿ, ರಾಗಿಮುದ್ದೆ ಇದ್ದೇ ಇವೆ ಎಂದು ಯಾರಾದರೂ ಹೇಳಬಹುದು. ನಿಜ. ಆದರೆ ಮುದ್ದೆಯನ್ನು ಡಬ್ಬಿಗೆ ಹಾಕಿ ಶಾಲೆಗೆ ಕಳಿಸಿದವರಿಗೆ ಅದರ ಕಷ್ಟ ಗೊತ್ತು. ಇನ್ನೆರಡು ವರ್ಷಕ್ಕೆ ಹುಡುಗ ಪಿಯುಸಿಗೆಂದು ಹಾಸ್ಟೆಲ್ಲು ಸೇರುವ ಯೋಚನೆಯೂ ಇತ್ತು. ಅಲ್ಲಿ ರಾತ್ರಿಯೂಟಕ್ಕೆ ಚಪಾತಿ. ಜೋಳದ ರೊಟ್ಟಿ ಮಾಡಿಕೊಡೋಣವೆಂದರೆ ಬ್ಯಾಂಕಿನಲ್ಲಿ ದುಡಿಯುವ ತಾಯಿಗೆ ಅದು ಬಾರದು. ಜಗಳೂರಿನ ಮಗಳೇ ಆದರೂ ಓದಿಗೆಂದು ಬೇಗನೆ ಊರು ಬಿಟ್ಟವರು. ಒಂದು ತಲೆಮಾರಿನಲ್ಲಿ ಜಾರಿಹೋದ ವಿದ್ಯೆ, ಮುಂದಿನ ತಲೆಮಾರಿಗೆ ಔಷಧಿಯಾಗಿ ಬೇಕಾಯಿತು.

ಜಗಳೂರು ಬಯಲುಸೀಮೆಯ ತಾಲ್ಲೂಕು. ಮಳೆ ಕಡಿಮೆ, ಬರ ಹೊಸದಲ್ಲ. ಕುರುಚಲು ಕಾಡಿನ ರಂಗಯ್ಯನದುರ್ಗದಲ್ಲಿ ನಾಲ್ಕು ಕೊಂಬಿನ ಕೊಂಡುಕುರಿಗಳಿವೆ. ಅವುಗಳಿಗಾಗಿ ಅಲ್ಲೊಂದು ವನ್ಯಧಾಮವೂ ಇದೆ. ಇಂಥ ನೆಲಕ್ಕೆ ಜೋಳ ಹೇಳಿ ಮಾಡಿಸಿದ ಬೆಳೆ. ನೀರಿಲ್ಲದಾಗ ಎಲೆ ಸುರುಳಿ ಮಾಡಿಕೊಂಡು ಉಸಿರು ಬಿಗಿಹಿಡಿದು ಕಾಯುತ್ತದೆ, ಒಂದು ಮಳೆ ಬಂದರೆ ಮತ್ತೆ ತಲೆಯೆತ್ತುತ್ತದೆ. ಆದರೆ ಹುಡುಗ ಬಸ್ಸಿನಿಂದಿಳಿದು ಮಾವನ ಜೊತೆ ಹೊಲದ ಬದುವಿನಲ್ಲಿ ನಡೆದಾಗ ಕಂಡದ್ದು ಹೆಚ್ಚಾಗಿ ಮೆಕ್ಕೆಜೋಳ ಮುರಿದ ಹೊಲಗಳ ಕೂಳೆ. ಕೋಳಿ ಆಹಾರಕ್ಕೆ ಹೋಗುವ ಮೆಕ್ಕೆಜೋಳಕ್ಕೆ ಮಾರುಕಟ್ಟೆಯಿದೆ. ಬಿಳಿಜೋಳವನ್ನು ಮಾವ ಒಂದು ಪಟ್ಟೆಯಲ್ಲಿ ಮಾತ್ರ ಬಿತ್ತುತ್ತಾರೆ. ಕಾಳು ಮನೆಯ ರೊಟ್ಟಿಗೆ, ಸಪ್ಪೆ ಎತ್ತಿಗೆ. ವಿಶ್ವಸಂಸ್ಥೆ 2023ನ್ನು ಅಂತರರಾಷ್ಟ್ರೀಯ ಸಿರಿಧಾನ್ಯ ವರ್ಷವೆಂದು ಸಾರಿತು. ಆ ಗೌರವ ಪಡೆದ ಧಾನ್ಯಗಳ ಪಂಗಡದಲ್ಲಿ ಜೋಳವೂ ಒಂದು. ಅಜ್ಜಿಗೆ ಈ ಸುದ್ದಿ ಮುಟ್ಟಿಲ್ಲ.

ಮೊದಲ ಪಾಠ ಒಲೆಯ ಮುಂದೆ ನಡೆಯಲಿಲ್ಲ, ಹಿಟ್ಟಿನ ಗಿರಣಿಯಲ್ಲಿ ನಡೆಯಿತು. ಗಿರಣಿಯಲ್ಲಿ ಒಬ್ಬರ ಗೋಧಿ ಬೀಸಿದ ಕಲ್ಲಿನಲ್ಲೇ ಮತ್ತೊಬ್ಬರ ಜೋಳ ಬೀಳುತ್ತದೆ. ಮೊದಲು ಬೀಸಿದ ಹಿಟ್ಟು ಕಲ್ಲಿನ ಸಂದಿಯಲ್ಲಿ, ಹೊರಬೀಳುವ ಬಟ್ಟೆಯ ಚೀಲದಲ್ಲಿ ಉಳಿದು ಮುಂದಿನವರ ಡಬ್ಬಿ ಸೇರುತ್ತದೆ. ಉಳಿದವರಿಗೆ ಇದು ಲೆಕ್ಕಕ್ಕಿಲ್ಲ. ಈ ಹುಡುಗನಿಗೆ ಲೆಕ್ಕಕ್ಕಿದೆ. ಗ್ಲುಟೆನ್‌ರಹಿತ ಎಂದು ಹೇಳಿಕೊಳ್ಳುವ ಆಹಾರದಲ್ಲಿ ಒಂದು ಕಿಲೋಗೆ 20 ಮಿಲಿಗ್ರಾಮಿಗಿಂತ ಹೆಚ್ಚು ಗ್ಲುಟೆನ್ ಇರಬಾರದೆಂಬುದು ಅಂತರರಾಷ್ಟ್ರೀಯ ಮಿತಿ. ನಮ್ಮ ದೇಶದ್ದೂ ಅದೇ. 20 ಮಿಲಿಗ್ರಾಮ್ ಎಷ್ಟು? ಗೋಧಿ ಹಿಟ್ಟಿನ ತೂಕದಲ್ಲಿ ಹತ್ತರಲ್ಲೊಂದು ಪಾಲು ಗ್ಲುಟೆನ್ ಎಂದು ಹಿಡಿದರೆ, ಒಂದು ಕಿಲೋ ಜೋಳದ ಹಿಟ್ಟಿಗೆ ಗೋಧಿ ಹಿಟ್ಟು 200 ಮಿಲಿಗ್ರಾಮ್ ಬೆರೆತರೆ ಮಿತಿ ಮುಗಿಯಿತು. ಎರಡು ಬೆರಳಿನ ನಡುವೆ ಹಿಡಿಯುವ ಚಿಟಿಕೆ ಅದು.

ಮಗಳು ಫೋನಿನಲ್ಲಿ ಇದನ್ನೆಲ್ಲ ಹೇಳಿದಾಗ ಅಜ್ಜಿ ವಾದ ಮಾಡಲಿಲ್ಲ. ಅಟ್ಟದ ಮೇಲಿದ್ದ ಬೀಸುವ ಕಲ್ಲನ್ನು ಇಳಿಸಿ, ತೊಳೆಸಿ, ಬಿಸಿಲಿಗೆ ಇಟ್ಟರು. ಮೊದಲು ಎರಡು ಹಿಡಿ ಜೋಳ ಬೀಸಿ ಆ ಹಿಟ್ಟನ್ನು ಎಮ್ಮೆಯ ಕಲಗಚ್ಚಿಗೆ ಸುರಿದರು. ಆಮೇಲೆ ಬೀಸಿದ್ದು ಮೊಮ್ಮಗನಿಗೆ. ಹುಡುಗ ಗೂಟ ಹಿಡಿದು ಅರ್ಧ ಗಂಟೆ ತಿರುಗಿಸಿ, ಬೆವರಿ, ಎಷ್ಟಾಯಿತೆಂದು ನೋಡಿದರೆ ನಾಲ್ಕು ರೊಟ್ಟಿಯ ಹಿಟ್ಟು.

“ಸಾಕೇನಜ್ಜಿ?”

“ನಿನ್ನೊಬ್ಬನಿಗೆ ಸಾಕು. ನಿಮ್ಮ ಮಾವ ಒಬ್ಬನೇ ಐದು ತಿಂತಾನೆ, ಅವನಿಗೂ ಬೀಸ್ತೀಯಾ?”

ಅಷ್ಟಕ್ಕೆ ನಿಲ್ಲಲಿಲ್ಲ. ಚಟ್ನಿಪುಡಿಗೆ ಹಾಕುವ ಇಂಗಿನ ಡಬ್ಬಿಯನ್ನು ಹುಡುಗನೇ ಓದಿದ. ಅಂಗಡಿಯಲ್ಲಿ ಸಿಗುವ ಕೂಟಿನ ಇಂಗಿಗೆ ಸಾಮಾನ್ಯವಾಗಿ ಗೋಧಿ ಹಿಟ್ಟೋ ಮೈದಾವೋ ಬೆರೆಸಿರುತ್ತಾರೆ. ಈ ಡಬ್ಬಿಯ ಮೇಲೂ ಹಾಗೇ ಬರೆದಿತ್ತು. ಅಂದಿನಿಂದ ಶೇಂಗಾ ಪುಡಿಗೆ ಇಂಗು ಬಂದ್, ಬೆಳ್ಳುಳ್ಳಿ ಹೆಚ್ಚಾಯಿತು. ಇಂಗಿಲ್ಲದೆ ಅಜ್ಜಿಯ ಶೇಂಗಾ ಪುಡಿಯ ರುಚಿ ಕೆಟ್ಟಿತೆಂದು ಮಾವ ಒಂದು ವಾರ ಗೊಣಗಿದರಂತೆ.

ಇನ್ನು ರೊಟ್ಟಿ. ಜೋಳದ ಹಿಟ್ಟಿಗೆ ತಣ್ಣೀರು ಹಾಕಿ ಕಲಸಿ ಚಪಾತಿಯಂತೆ ಎಳೆದು ನೋಡಿದರೆ ಅದು ಎಳೆಯುವುದಿಲ್ಲ, ಒಡೆಯುತ್ತದೆ. ಯಾಕೆ? ಗೋಧಿಯಲ್ಲಿ ಗ್ಲಯಾಡಿನ್ ಮತ್ತು ಗ್ಲುಟೆನಿನ್ ಎಂಬ ಎರಡು ಬಗೆಯ ಪ್ರೋಟೀನುಗಳಿವೆ. ನೀರು ಬಿದ್ದು ನಾದಿದೊಡನೆ ಅವು ಕೈಕೈ ಹಿಡಿದು ರಬ್ಬರಿನಂಥ ಬಲೆ ನೇಯುತ್ತವೆ. ಆ ಬಲೆಯೇ ಗ್ಲುಟೆನ್. ಇಟಲಿಯ ಬೊಲೋನ್ಯಾದ ಬೆಕ್ಕಾರಿ ಎಂಬ ವಿದ್ವಾಂಸ 18ನೇ ಶತಮಾನದಲ್ಲೇ ಇದನ್ನು ಗೋಧಿ ಹಿಟ್ಟಿನಿಂದ ಬೇರ್ಪಡಿಸಿದ್ದ. ಜೋಳದಲ್ಲೂ ನೂರು ಗ್ರಾಮಿಗೆ ಹತ್ತು ಗ್ರಾಮಿನಷ್ಟು ಪ್ರೋಟೀನಿದೆ. ಆದರೆ ಅದರ ಮುಖ್ಯ ಭಾಗವಾದ ಕಾಫಿರಿನ್ ನೀರನ್ನು ದೂರವಿಡುವ ಸ್ವಭಾವದ್ದು. ಸಣ್ಣ ಸಣ್ಣ ಉಂಡೆಗಳಾಗಿ ತನ್ನ ಪಾಡಿಗೆ ಕುಳಿತಿರುತ್ತದೆ, ಬಲೆ ನೇಯುವ ಗೋಜಿಗೆ ಹೋಗುವುದಿಲ್ಲ. ಹುಡುಗನ ಹೊಟ್ಟೆಗೆ ಜೋಳ ಒಗ್ಗುವುದಕ್ಕೂ ಅವನ ಕೈಗೆ ಜೋಳ ಒಗ್ಗದಿರುವುದಕ್ಕೂ ಕಾರಣ ಒಂದೇ ಎಂದಾಯಿತು.

ಮಾವನ ಮಗಳು ಏಳನೇ ತರಗತಿಯವಳು. ಬೆಕ್ಕಾರಿಯ ಪ್ರಯೋಗವನ್ನು ಅವಳೇ ಮಾಡಿದಳು, ಅಡಿಗೆಮನೆಯಿಂದ ದೂರ, ಹಿತ್ತಲ ಕಲ್ಲಿನ ಮೇಲೆ. ಯಾರು ಬೇಕಾದರೂ ಮಾಡಬಹುದು. ಒಂದು ಹಿಡಿ ಗೋಧಿ ಹಿಟ್ಟನ್ನು ಗಟ್ಟಿಯಾಗಿ ಕಲಸಿ ಅರ್ಧ ಗಂಟೆ ಬಿಡಬೇಕು. ಆಮೇಲೆ ಬೋಗುಣಿಯ ನೀರಿನಲ್ಲಿ ಹಿಸುಕುತ್ತಾ ತೊಳೆಯಬೇಕು. ನೀರು ಹಾಲಿನಂತಾಗುತ್ತದೆ, ಚೆಲ್ಲಿ ಬೇರೆ ನೀರು ಹಾಕಿ ಮತ್ತೆ ತೊಳೆಯಬೇಕು. ಕೊನೆಗೆ ಕೈಯಲ್ಲಿ ಚೂಯಿಂಗ್ ಗಮ್ಮಿನಂಥ ಮುದ್ದೆ ಉಳಿಯುತ್ತದೆ. ಎಳೆದರೆ ಬರುತ್ತದೆ, ಬಿಟ್ಟರೆ ಕುಗ್ಗುತ್ತದೆ. ಚೆಲ್ಲಿದ ಹಾಲುನೀರಿಗೆ ಟಿಂಚರ್ ಅಯೋಡಿನ್ನಿನ ಒಂದು ಹನಿ ಹಾಕಿದರೆ ಕಡುನೀಲಿ, ಅದು ಪಿಷ್ಟ. ಜೋಳದ ಹಿಟ್ಟಿನಿಂದ ಇದನ್ನೇ ಮಾಡಿದರೆ ಕೈಯಲ್ಲಿ ಏನೂ ಉಳಿಯುವುದಿಲ್ಲ, ಎಲ್ಲವೂ ಬೋಗುಣಿಯ ಪಾಲು.

ಹಾಗಾದರೆ ಅಂಗೈ ಬಡಿತಕ್ಕೆ ತಟ್ಟೆಯಗಲ ಹರಡುವ ರೊಟ್ಟಿಯನ್ನು ಹಿಡಿದಿಡುವುದು ಯಾವುದು? ಎಸರು. ಕುದಿಯುವ ನೀರು. ಪಿಷ್ಟವೆಂದರೆ ಒತ್ತಾಗಿ ಕಟ್ಟಿದ ಪುಟ್ಟ ಪುಟ್ಟ ಕಣಗಳು. ತಣ್ಣೀರಿನಲ್ಲಿ ಅವು ಜಗ್ಗುವುದಿಲ್ಲ. ಜೋಳದ ಪಿಷ್ಟ ಸುಮಾರು 70 ಡಿಗ್ರಿ ಸೆಲ್ಸಿಯಸ್ ದಾಟಿದಾಗ ನೀರು ಕುಡಿದು, ಉಬ್ಬಿ, ಒಡೆದು ಅಂಟಾಗುತ್ತದೆ. ಮೈದಾ ಹಿಟ್ಟನ್ನು ಕುದಿಸಿ ಗೋಡೆಗೆ ಪೋಸ್ಟರು ಅಂಟಿಸುವವರಿಗೆ ಈ ತತ್ವ ಚೆನ್ನಾಗಿ ಗೊತ್ತು. ಅಜ್ಜಿ ಹಿಟ್ಟಿನ ನಡುವೆ ಗುಣಿ ಮಾಡಿ ಕುದಿವ ಎಸರು ಸುರಿಯುತ್ತಾರೆ, ಸೌಟಿನ ಹಿಂಬದಿಯಿಂದ ಕಲಕುತ್ತಾರೆ, ಕೈ ತಾಳುವಷ್ಟು ಆರಿದೊಡನೆ ನಾದುತ್ತಾರೆ. ಹಿಟ್ಟಿನ ಒಂದು ಪಾಲು ಅಂಟಾಗಿ, ಉಳಿದ ಪಾಲನ್ನು ಹಿಡಿದುಕೊಳ್ಳುತ್ತದೆ. ಗೋಧಿಯಲ್ಲಿ ಪ್ರೋಟೀನು ಮಾಡುವ ಕೆಲಸವನ್ನು ಇಲ್ಲಿ ಪಿಷ್ಟದ ಕೈಯಲ್ಲಿ ಮಾಡಿಸಿದ್ದಾರೆ. ಯಾವ ಅಜ್ಜಿ ಇದನ್ನು ಮೊದಲು ಕಂಡುಹಿಡಿದಳೋ, ಅವಳ ಹೆಸರು ಯಾವ ಪಠ್ಯಪುಸ್ತಕದಲ್ಲೂ ಇಲ್ಲ.

ಹುಡುಗನ ಮೊದಲ ದಿನದ ಐದೂ ರೊಟ್ಟಿ ಹರಿದವು. ಎರಡನೆಯ ದಿನವೂ ಅದೇ ಪಾಡು. ನೀರು ಕುದಿಯುವ ಮುನ್ನವೇ ಸುರಿದಿದ್ದ. ಮೂರನೆಯ ದಿನ ನೀರು ಕುದಿದಿತ್ತು, ಆದರೆ ಕಲಸಿ ಮುಚ್ಚಿಟ್ಟು ಕ್ರಿಕೆಟ್ ಆಡಿ ಬಂದ. ಹಿಟ್ಟು ಮತ್ತೆ ಒಡೆಯಿತು. ಅಂಟಾದ ಪಿಷ್ಟ ಆರುತ್ತಾ ಹೋದಂತೆ ಮತ್ತೆ ಸೆಟೆದುಕೊಳ್ಳುತ್ತದೆ. ರಾತ್ರಿಯ ಅನ್ನ ಬೆಳಿಗ್ಗೆ ಗಟ್ಟಿಯಾಗುವುದೂ ಇದೇ ಕಾರಣಕ್ಕೆ. ಅದಕ್ಕೇ ಅಜ್ಜಿ ಎಲ್ಲ ಹಿಟ್ಟನ್ನೂ ಒಮ್ಮೆಗೇ ಮುಗಿಸುವುದಿಲ್ಲ, ಒಂದೊಂದು ರೊಟ್ಟಿಗೆ ಬೇಕಾದಷ್ಟನ್ನು ಮುರಿದು, ಬಿಸಿನೀರು ಸವರಿ, ಮತ್ತೆ ನಾದಿ, ಆಗಲೇ ಬಡಿಯುತ್ತಾರೆ.

ನೀರೆಷ್ಟು, ಹಿಟ್ಟೆಷ್ಟು ಎಂದು ಹುಡುಗ ನೋಟ್‌ಬುಕ್ ಹಿಡಿದು ಕುಳಿತ.

“ಹಿಟ್ಟು ಕೇಳಿದಷ್ಟು.”

“ಹಿಟ್ಟು ಹೇಗೆ ಕೇಳುತ್ತೆ ಅಜ್ಜಿ?”

“ನಾದು, ಗೊತ್ತಾಗ್ತೈತೆ.”

ಉತ್ತರದಿಂದ ಹುಡುಗನಿಗೆ ಸಮಾಧಾನವಾಗಲಿಲ್ಲ. ಅವನು ಲೋಟದಲ್ಲಿ ಅಳೆದ. ಒಂದು ಲೋಟ ಹಿಟ್ಟಿಗೆ ಮುಕ್ಕಾಲು ಲೋಟ ಎಸರಿನಿಂದ ಆರಂಭಿಸಿ, ದಿನಕ್ಕೊಂದಿಷ್ಟು ಹೆಚ್ಚುಕಡಿಮೆ ಮಾಡಿ, ಯಾವ ದಿನ ಎಷ್ಟು ರೊಟ್ಟಿ ಹರಿದವು ಎಂದು ಬರೆದಿಟ್ಟ. ಹೊಸ ಚೀಲದ ಜೋಳ ಬೀಸಿದ ದಿನ ಅವನ ಅಳತೆ ತಪ್ಪಿತು. ಅಂದು ಅಜ್ಜಿಯ ಮಾತು ಅವನಿಗೆ ಸ್ವಲ್ಪ ಅರ್ಥವಾಯಿತು. ಕಾಳಿನ ತೇವ, ಬೀಸಿದ ನುಣುಪು ಬದಲಾದರೆ ಹಿಟ್ಟು ಕುಡಿಯುವ ನೀರೂ ಬದಲಾಗುತ್ತದೆ. ಅವನ ನೋಟ್‌ಬುಕ್ ಮಾತ್ರ ವ್ಯರ್ಥವಾಗಲಿಲ್ಲ. ಅಜ್ಜಿಯ ಕೈಯಲ್ಲಿದ್ದದ್ದನ್ನು ಬೆಂಗಳೂರಿಗೆ ಒಯ್ಯಲು ಅವನಿಗಿದ್ದ ಚೀಲ ಅದೊಂದೇ.

ಪಕ್ಕದ ಮನೆಯವರು ಬಾಗಿಲಲ್ಲಿ ನಿಂತು ನಕ್ಕದ್ದೂ ಉಂಟು. ಗಂಡು ಹುಡುಗ ರೊಟ್ಟಿ ಬಡೀತಾನಂತೆ!

“ತಿನ್ನೋ ಬಾಯಿಗೆ ಗಂಡು ಹೆಣ್ಣು ಅಂತ ಐತೇನವ್ವ? ಕೈಗ್ಯಾಕೆ?” ಎಂದು ಅಜ್ಜಿ ಹಂಚಿನ ಮೇಲಿನ ಕಣ್ಣು ತೆಗೆಯದೆ ಹೇಳಿದರು.

ಹಂಚು ಕಾದಿದೆಯೋ ಇಲ್ಲವೋ ಎಂದು ನೋಡಲು ಅಜ್ಜಿ ನೀರು ಚಿಮುಕಿಸುತ್ತಾರೆ. ನೀರು ಸುಮ್ಮನೆ ಹರಡಿ ಕುಳಿತರೆ ಹಂಚು ಕಾದಿಲ್ಲ. ಚುಂಯ್ ಎಂದು ಕ್ಷಣದಲ್ಲಿ ಆರಿದರೆ ಹದ. ಹನಿಗಳು ಆರದೆ ಮುತ್ತಿನಂತೆ ಉರುಳಾಡತೊಡಗಿದರೆ ಕಾವು ಮೀರಿದೆ, ಒಂದು ಕೊಳ್ಳಿ ಹಿಂದಕ್ಕೆಳೆಯಬೇಕು. ವಿಚಿತ್ರವಲ್ಲವೇ, ಕಾವು ಹೆಚ್ಚಿದಾಗ ನೀರು ನಿಧಾನವಾಗಿ ಆರುವುದು? 1756ರಲ್ಲಿ ಜರ್ಮನಿಯ ವೈದ್ಯ ಲೈಡನ್‌ಫ್ರಾಸ್ಟ್ ಇದನ್ನು ವಿವರಿಸಿದ. ಪರಿಣಾಮಕ್ಕೆ ಅವನ ಹೆಸರೇ ನಿಂತಿದೆ. ಲೋಹ ಸುಮಾರು 200 ಡಿಗ್ರಿ ಮುಟ್ಟಿದಾಗ ಹನಿಯ ತಳದಲ್ಲಿ ಆವಿಯ ಹಾಸಿಗೆ ಹುಟ್ಟಿ, ಹನಿ ಅದರ ಮೇಲೆ ತೇಲುತ್ತದೆ. ಆವಿ ಶಾಖವನ್ನು ಸುಲಭವಾಗಿ ದಾಟಿಸದು. ಥರ್ಮಾಮೀಟರಿಲ್ಲದ ಮನೆಯಲ್ಲಿ ಇದಕ್ಕಿಂತ ಒಳ್ಳೆಯ ಥರ್ಮಾಮೀಟರು ಬೇಕೆ?

ರೊಟ್ಟಿ ಹಂಚಿಗೆ ಬಿದ್ದೊಡನೆ ಮೇಲ್ಭಾಗಕ್ಕೆ ಒದ್ದೆ ಬಟ್ಟೆಯಿಂದ ನೀರು ಸವರಬೇಕು. ಒಣಹಿಟ್ಟನ್ನು ತೊಳೆಯುವುದಕ್ಕೆಂದು ಹುಡುಗ ತಿಳಿದಿದ್ದ. ಅದೂ ಹೌದು, ಆದರೆ ಮುಖ್ಯ ಕೆಲಸ ಬೇರೆ. ಸವರಿದ ನೀರು ಮೇಲಿನ ಸಣ್ಣ ಬಿರುಕುಗಳನ್ನು ಮುಚ್ಚಿ ಪದರ ಒಂದಾಗುವಂತೆ ಮಾಡುತ್ತದೆ. ನೀರು ಆರುವ ಹೊತ್ತಿಗೆ ಮಗುಚಬೇಕು. ಎರಡೂ ಮೈ ಬಿಗಿದುಕೊಂಡಾಗ ಒಳಗಿನ ನೀರಿಗೆ ದಾರಿಯಿಲ್ಲ. ಒಂದು ಗ್ರಾಮ್ ನೀರು ಆವಿಯಾದರೆ ಸುಮಾರು ಒಂದೂ ಮುಕ್ಕಾಲು ಲೀಟರಿನ ಹತ್ತಿರ ಜಾಗ ಕೇಳುತ್ತದೆ. ರೊಟ್ಟಿ ಎರಡು ಪದರವಾಗಿ ಉಬ್ಬುವುದು ಆ ಬಲದಿಂದ. ಬೇಕರಿಯ ಬ್ರೆಡ್ಡಿನಲ್ಲಿ ಯೀಸ್ಟು ಗಂಟೆಗಟ್ಟಲೆ ಮಾಡುವ ಉಬ್ಬಿಸುವ ಕೆಲಸವನ್ನು ಇಲ್ಲಿ ಹಬೆ ಅರೆನಿಮಿಷದಲ್ಲಿ ಮುಗಿಸುತ್ತದೆ. ಎಲ್ಲೋ ಒಂದು ಸೂಜಿತೂತಿದ್ದರೂ ರೊಟ್ಟಿ ಉಬ್ಬದು. ಹುಡುಗನ ರೊಟ್ಟಿ ಮೊದಲು ಉಬ್ಬಿದ್ದು ಒಂಬತ್ತನೆಯ ದಿನ, ಅದೂ ಅರ್ಧಚಂದ್ರದಂತೆ ಒಂದೇ ಬದಿಗೆ.

ಉತ್ಸಾಹದಲ್ಲಿ ಅದನ್ನು ಬೆರಳಿನಿಂದ ಒತ್ತಿದ. ಅಂಚಿನಿಂದ ನುಗ್ಗಿದ ಹಬೆಗೆ ತೋರುಬೆರಳು ಬೊಬ್ಬೆಯೆದ್ದಿತು. ಕುದಿವ ನೀರಿಗಿಂತ ಹಬೆ ಯಾಕೆ ಹೆಚ್ಚು ಸುಡುತ್ತದೆ ಎಂಬ ಪ್ರಶ್ನೆ ಪರೀಕ್ಷೆಯಲ್ಲಿ ವರ್ಷ ಬಿಟ್ಟು ವರ್ಷ ಬರುತ್ತದೆ. ಒಂದು ಗ್ರಾಮ್ ಕುದಿನೀರು ನೂರು ಡಿಗ್ರಿಯಿಂದ ಮೈಯ 37 ಡಿಗ್ರಿಗೆ ಇಳಿದರೆ ಕೊಡುವ ಶಾಖ 63 ಕ್ಯಾಲೊರಿ. ಒಂದು ಗ್ರಾಮ್ ಹಬೆ ನೀರಾಗುವಾಗಲೇ ಗುಪ್ತೋಷ್ಣವಾಗಿ 540 ಕ್ಯಾಲೊರಿ ಕೊಟ್ಟು, ಆಮೇಲೆ ಈ 63ನ್ನೂ ಕೊಡುತ್ತದೆ. ಒಟ್ಟು 603, ಹತ್ತಿರ ಹತ್ತಿರ ಹತ್ತು ಪಾಲು. ಅಜ್ಜಿ ಬೆರಳನ್ನು ತಣ್ಣೀರಿನ ಚೊಂಬಿನಲ್ಲಿ ಬಹಳ ಹೊತ್ತು ಅದ್ದಿಸಿ ಕೂರಿಸಿದರು. ಅದೇ ಸರಿಯಾದ ಚಿಕಿತ್ಸೆ. ಎಣ್ಣೆ, ಟೂತ್‌ಪೇಸ್ಟು ಬಳಿಯಬಾರದು.

ಅಜ್ಜಿಯ ಮನೆಯಲ್ಲಿ ಗ್ಯಾಸಿದೆ. ಚಹಾ, ಅನ್ನ, ಸಾರು ಅದರ ಮೇಲೆ. ರೊಟ್ಟಿ ಮಾತ್ರ ಹಿತ್ತಲ ಚಪ್ಪರದ ಸೌದೆ ಒಲೆಯಲ್ಲಿ. ದಿನಕ್ಕೆ ಹದಿನೈದು ರೊಟ್ಟಿ ಸುಟ್ಟರೆ ಸಿಲಿಂಡರು ತಿಂಗಳು ಬರುವುದಿಲ್ಲವೆಂಬ ಲೆಕ್ಕ. ಕೆಂಡಕ್ಕೆ ಒರಗಿಸಿ ಸುಟ್ಟ ರೊಟ್ಟಿಯ ರುಚಿಯನ್ನು ಹೊಗಳುವವರು ಒಲೆಯ ಮುಂದೆ ಕೂತವರ ಕಣ್ಣು ಮೂಗನ್ನೂ ನೋಡಬೇಕು. ಸೌದೆಯ ಹೊಗೆ ವರ್ಷಗಟ್ಟಲೆ ಎದೆಗೆ ಹೋದರೆ ಬಿಡದ ಕೆಮ್ಮು, ಉಬ್ಬಸ ಬರುತ್ತವೆ. ಕಣ್ಣಿನ ಪೊರೆಗೂ ಅದಕ್ಕೂ ನಂಟಿದೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ 1974ರಲ್ಲಿ ಶುರುವಾದ ‘ಅಸ್ತ್ರ’ ಎಂಬ ಗ್ರಾಮೀಣ ತಂತ್ರಜ್ಞಾನ ವಿಭಾಗ ಹೊಗೆಕೊಳವೆಯಿರುವ, ಸೌದೆ ಉಳಿಸುವ ಒಲೆ ರೂಪಿಸಿತು. 1980ರ ದಶಕದಲ್ಲಿ ಅಸ್ತ್ರ ಒಲೆ ರಾಜ್ಯದ ಹಳ್ಳಿ ಹಳ್ಳಿಗೂ ಹೋಯಿತು. ಈ ಮನೆಗೆ ಬರಲಿಲ್ಲ. ಅಜ್ಜಿ ಇಡೀ ಬೆಳಿಗ್ಗೆ ಕೆಮ್ಮುತ್ತಾರೆ. ಒಲೆಯಿಂದಲೇ ಎಂದರೆ ಒಪ್ಪುವುದಿಲ್ಲ. ಹುಡುಗ ಗ್ಯಾಸಿನ ಮೇಲೂ ರೊಟ್ಟಿ ಉಬ್ಬಿಸಿ ತೋರಿಸಿದ ದಿನ, “ಉಬ್ಬಿದ್ರೆ ಆತಾ, ಘಮ ಎಲ್ಲೈತೆ?” ಎಂದರು. ಘಮ ಇರಲಿಲ್ಲವೆಂದಲ್ಲ. ಕಂದು ಮಚ್ಚೆಗಳ ಆ ವಾಸನೆ, ಕಾವಿಗೆ ಪ್ರೋಟೀನಿನ ತುಣುಕುಗಳೂ ಸಕ್ಕರೆಯೂ ಕೂಡಿಕೊಂಡಾಗ ಹುಟ್ಟುವಂಥದ್ದು. ಫ್ರಾನ್ಸಿನ ಮೇಯಾರ್ 1912ರಲ್ಲಿ ಇದನ್ನು ವಿವರಿಸಿದ. ಗ್ಯಾಸಾದರೂ ಕೆಂಡವಾದರೂ ಅದು ಹುಟ್ಟುತ್ತದೆ. ಅಜ್ಜಿ ಹುಡುಕುತ್ತಿದ್ದದ್ದು ಹೊಗೆಯ ಘಮ.

ಮೇ ಮೊದಲ ವಾರ ಹುಡುಗನನ್ನು ದೊಡ್ಡಮ್ಮ ಕರೆಸಿಕೊಂಡರು. ಅವರ ಮನೆ ನ್ಯಾಮತಿಯಲ್ಲಿ. ದಾವಣಗೆರೆ ದಾಟಿ ಹೊನ್ನಾಳಿಯಲ್ಲಿ ತುಂಗಭದ್ರೆಯನ್ನು ನೋಡಿ, ಅಲ್ಲಿಂದ ಇನ್ನೊಂದು ಬಸ್ಸು. ಅರ್ಧ ದಿನದ ಪ್ರಯಾಣದಲ್ಲಿ ಊಟದ ತಟ್ಟೆಯೇ ಬದಲಾಯಿತು. 1997ರ ಆಗಸ್ಟ್ 15ರಂದು ದಾವಣಗೆರೆ ಜಿಲ್ಲೆಯಾದಾಗ ಜಗಳೂರು ಚಿತ್ರದುರ್ಗ ಜಿಲ್ಲೆಯಿಂದ ಬಂತು. ಚನ್ನಗಿರಿ, ಹೊನ್ನಾಳಿ ಶಿವಮೊಗ್ಗದಿಂದ ಬಂದವು. ನ್ಯಾಮತಿ ಆಗ ಹೊನ್ನಾಳಿ ತಾಲ್ಲೂಕಿನೊಳಗಿತ್ತು, ಪ್ರತ್ಯೇಕ ತಾಲ್ಲೂಕಾದದ್ದು ಈಚೆಗೆ. ಗಡಿ ಬದಲಾದರೂ ಒಲೆ ಬದಲಾಗಿಲ್ಲ. ನದಿ, ನಾಲೆಯ ನೀರು ಕಂಡ ಈ ಕಡೆಯಲ್ಲಿ ರೊಟ್ಟಿಯೆಂದರೆ ಅಕ್ಕಿಯದು.

ದೊಡ್ಡಮ್ಮ ಎಸರಿಗೆ ಉಪ್ಪು ಹಾಕಿ, ಕುದಿ ಬಂದಾಗ ಅಕ್ಕಿ ಹಿಟ್ಟು ಸುರಿದು, ಮುಚ್ಚಿ, ಸಣ್ಣ ಉರಿಯಲ್ಲಿ ಕೆಲವು ನಿಮಿಷ ಬೇಯಿಸಿ, ಆಮೇಲೆ ನಾದುತ್ತಾರೆ. ಉಕ್ಕರಿಸಿದ ರೊಟ್ಟಿ ಎನ್ನುವುದು ಇದನ್ನೇ. ಹುಡುಗನಿಗೆ ತಟ್ಟನೆ ಹೊಳೆಯಿತು: ಎಸರಿನ ಪಾಠವೇ ಇದು, ಆದರೆ ಇಲ್ಲಿ ಹಿಟ್ಟು ಇನ್ನೂ ಹೆಚ್ಚು ಬೆಂದಿದೆ, ಅದಕ್ಕೇ ಅಂಟೂ ಹೆಚ್ಚು, ಅದಕ್ಕೇ ಲಟ್ಟಣಿಗೆಯಲ್ಲಿ ಲಟ್ಟಿಸಿದರೂ ಹರಿಯುವುದಿಲ್ಲ. ಜಗಳೂರಿನಲ್ಲಿ ಒಂಬತ್ತು ದಿನ ಹಿಡಿದದ್ದು ನ್ಯಾಮತಿಯಲ್ಲಿ ಎರಡೇ ದಿನಕ್ಕೆ ಬಂತು. ಒಂದೇ ತೊಡಕು, ಆ ಮನೆಯ ಮಣೆ, ಲಟ್ಟಣಿಗೆ ಚಪಾತಿಯದು. ಸಂದಿಯಲ್ಲಿ ಹಳೆಯ ಗೋಧಿ ಹಿಟ್ಟು. ದೊಡ್ಡಪ್ಪ ಸಂತೆಯಿಂದ ಹೊಸ ಜೊತೆ ತಂದುಕೊಟ್ಟು, ಅದರ ಮೇಲೆ ಹುಡುಗನ ಹೆಸರನ್ನು ಬಿಸಿ ಮೊಳೆಯಿಂದ ಬರೆದರು.

ಚನ್ನಗಿರಿಯ ಕಡೆ ಚಿಕ್ಕಮ್ಮನ ಮನೆಗೂ ಎರಡು ದಿನ ಹೋಗಿಬಂದದ್ದಾಯಿತು. ಸೂಳೆಕೆರೆ ನೋಡಿದ, ಶಾಂತಿಸಾಗರವೆಂದೂ ಕರೆಯುವ ಆ ದೊಡ್ಡ ಕೆರೆಯ ಏರಿಯ ಮೇಲೆ ನಿಂತರೆ ಸಮುದ್ರವೇ ಎನ್ನಿಸುತ್ತದೆ. ಸುತ್ತ ಅಡಿಕೆ ತೋಟ. ಚಿಕ್ಕಮ್ಮನ ಮನೆಯವರೂ ಗದ್ದೆ ತೆಗೆದು ಅಡಿಕೆ ಹಾಕಿದ್ದಾರೆ, ಅಕ್ಕಿ ಅಂಗಡಿಯಿಂದ ಬರುತ್ತದೆ. ಅಲ್ಲಿ ಒಂದು ಹೋಟೆಲಿನಲ್ಲಿ ‘ಜೋಳದ ರೊಟ್ಟಿ ಊಟ’ ಎಂಬ ಬೋರ್ಡು ಕಂಡು ಹುಡುಗ ಹಿಗ್ಗಿದ. ಆದರೂ ಕೂರುವ ಮೊದಲು ಅಡಿಗೆಯವರನ್ನು ಕೇಳಿದ. ರೊಟ್ಟಿ ಹರಿಯದಿರಲೆಂದು ಒಂದು ಹಿಡಿ ಗೋಧಿ ಹಿಟ್ಟು ಸೇರಿಸುತ್ತೇವೆ, ಎಲ್ಲ ಕಡೆ ಹಾಗೇ ಅಲ್ಲವೇ ಎಂದರು ಅವರು, ಏನೂ ಮುಚ್ಚಿಡದೆ. ಹುಡುಗ ಮೊಸರನ್ನ ಉಂಡ. ಕೇಳುವುದನ್ನು ಕಲಿತದ್ದು ರೊಟ್ಟಿ ಬಡಿಯುವುದನ್ನು ಕಲಿತಷ್ಟೇ ದೊಡ್ಡದೆಂದು ಅವನ ತಾಯಿಗೆ ಆಮೇಲೆ ಅನ್ನಿಸಿತು.

ಹಾಸ್ಟೆಲ್ಲಿನ ಚಿಂತೆಗೆ ಅಜ್ಜಿಯ ಹತ್ತಿರ ಮದ್ದಿತ್ತು: ಖಡಕ್ ರೊಟ್ಟಿ. ತೆಳ್ಳಗೆ ಬಡಿದು, ಸುಟ್ಟು, ಬಟ್ಟೆಯಿಂದ ಒತ್ತಿ ಒತ್ತಿ ನೀರೆಲ್ಲ ಹೋಗುವಂತೆ ಒಣಗಿಸಿದರೆ ಹಪ್ಪಳದಂತಾಗುತ್ತದೆ. ಬೂಷ್ಟು ಬೆಳೆಯಲು ನೀರು ಬೇಕು. ನೀರೇ ಇಲ್ಲದ ಕಡೆ ಅದಕ್ಕೆ ಬಾಳಿಲ್ಲ. ಬಿಗಿ ಮುಚ್ಚಳದ ಡಬ್ಬಿಯಲ್ಲಿ ವಾರಗಟ್ಟಲೆ ಕೆಡದೆ ಇರುತ್ತದೆ. ಮೆಸ್ಸಿನ ಸಾರು, ಮೊಸರು ಸಿಕ್ಕರೆ ಊಟವಾಯಿತು. ರಜೆಯ ಕೊನೆಯ ವಾರ ಹುಡುಗ ಮತ್ತೆ ಜಗಳೂರಿಗೆ ಬಂದು ಇದನ್ನೇ ಕಲಿತ. ಬಡಿದದ್ದು ನಲವತ್ತು, ಉಳಿದದ್ದು ಇಪ್ಪತ್ತೇಳು. ಮುರಿದ ಹದಿಮೂರನ್ನು ಮಾವನ ಮಗಳು ಒಗ್ಗರಣೆ ಹಾಕಿ ಮುಗಿಸಿದಳು.

ಬೆಂಗಳೂರಿಗೆ ಹೊರಟಾಗ ಅವನ ಚೀಲದಲ್ಲಿ ಐದು ಕಿಲೋ ಬಿಳಿಜೋಳ, ಹಳೆಯ ಕಬ್ಬಿಣದ ಹಂಚು, ಹೆಸರು ಬರೆದ ಮಣೆ ಲಟ್ಟಣಿಗೆ, ನೋಟ್‌ಬುಕ್ ಇದ್ದವು. ಬೀಸುವ ಕಲ್ಲನ್ನು ಒಯ್ಯಲಾಗಲಿಲ್ಲ. ತಾಯಿ ಜೋಳಕ್ಕೆಂದೇ ಮಿಕ್ಸಿಯ ಹೊಸ ಜಾರು ಕೊಂಡಿದ್ದರು. ಅದರಲ್ಲಿ ಬೀಸಿ ಜರಡಿ ಹಿಡಿದ ಹಿಟ್ಟು ಕಲ್ಲಿನಷ್ಟು ನುಣುಪಿರಲಿಲ್ಲ. ಮೊದಲ ಭಾನುವಾರ ತಾಯಿ ಮಗ ಇಬ್ಬರೂ ಗ್ಯಾಸಿನ ಮುಂದೆ ನಿಂತರು. ಮಗ ಹೇಳಿಕೊಟ್ಟ, ತಾಯಿ ಬಡಿದರು. ಸಂಜೆ ಅಜ್ಜಿಗೆ ಫೋನು ಹೋಯಿತು.

“ಉಬ್ಬಿತೇನೋ ಮಗಾ?”

“ನಂದು ಎರಡು ಉಬ್ಬಿತಜ್ಜಿ. ಅಮ್ಮಂದು ನಾಲ್ಕೂ ಹರೀತು.”

“ಎಸರು ಕುದ್ದಿತ್ತಾ?”

ಹುಡುಗ ಫೋನಿಗೆ ಕೈ ಅಡ್ಡ ಹಿಡಿದು ತಾಯಿಯ ಕಡೆ ತಿರುಗಿದ. “ಅಮ್ಮಾ, ಅಜ್ಜಿ ಕೇಳ್ತಿದಾರೆ, ಎಸರು ಕುದ್ದಿತ್ತಾ ಅಂತ.”